ಎತ್ತುಗಳು ನಡೆದ ದಾರಿ

ಸ್ವೀಡನ್ನಿನ ಗೋಟಾ ಕಾಲುವೆಯ ದಂಡೆಯಲ್ಲಿ ಒಬ್ಬನೇ ಸೈಕಲ್ ತುಳಿಯುವಾಗ ಏರು ಸಿಗುವುದು ಹೆಚ್ಚಾಗಿ ಲಾಕ್‌ಗಳ ಬಳಿ, ದೋಣಿಗಳನ್ನು ಮೆಟ್ಟಿಲು ಹತ್ತಿಸುವಂತೆ ಮೇಲೇರಿಸುವ ಆ ನೀರಿನ ಕಟ್ಟೆಗಳ ಬಳಿ. ಉಳಿದಂತೆ ದಾರಿ ಸಮತಟ್ಟು. ಇದು ಸೈಕಲ್ಲಿಗೆಂದು ಮಾಡಿದ್ದಲ್ಲ. ಹಗ್ಗ ಕಟ್ಟಿ ದೋಣಿ ಎಳೆಯುತ್ತಿದ್ದ ಎತ್ತು, ಕುದುರೆಗಳ ದಾರಿ.

ವೆನರ್ನ್ ಸರೋವರದಿಂದ ಬಾಲ್ಟಿಕ್ ಕಡಲಿಗೆ 190 ಕಿ.ಮೀ., 58 ಲಾಕ್‌ಗಳು. ಅದರಲ್ಲಿ 87 ಕಿ.ಮೀ. ಮನುಷ್ಯರು ಅಗೆದದ್ದು. ಕನಸು ಬಾಲ್ಟ್ಸರ್ ಫಾನ್ ಪ್ಲಾಟೆನ್‌ನದು. ಯೋಜನೆಗೆ ನೆರವಾದವನು ಸ್ಕಾಟ್ಲೆಂಡಿನ ಥಾಮಸ್ ಟೆಲ್ಫರ್ಡ್. 1810ರಿಂದ 1832ರವರೆಗೆ ಸುಮಾರು 58,000 ಮಂದಿ, ಹೆಚ್ಚಿನವರು ಸೈನಿಕರು, ಇಲ್ಲಿ ಸಲಿಕೆ ಹಿಡಿದರು. ಕಾಲುವೆ ಮುಗಿಯುವ ಮೊದಲೇ, 1829ರಲ್ಲಿ, ಪ್ಲಾಟೆನ್ ತೀರಿಕೊಂಡ.

ಡೆನ್ಮಾರ್ಕ್ ತನ್ನ ಜಲಸಂಧಿಯಲ್ಲಿ ವಸೂಲು ಮಾಡುತ್ತಿದ್ದ ಸುಂಕವನ್ನು ತಪ್ಪಿಸಿಕೊಳ್ಳುವುದು ಕಾಲುವೆಯ ಒಂದು ಉದ್ದೇಶ. 1857ರಲ್ಲಿ ಆ ಸುಂಕವೇ ರದ್ದಾಯಿತು. 1862ರಲ್ಲಿ ಸ್ಟಾಕ್‌ಹೋಮ್–ಗೋಥೆನ್‌ಬರ್ಗ್ ರೈಲುಮಾರ್ಗ ಪೂರ್ಣಗೊಂಡು, ಸರಕು ಕ್ರಮೇಣ ಅತ್ತ ಸರಿಯಿತು. ಇಂದು ಇಲ್ಲಿ ಓಡಾಡುವುದು ಹೆಚ್ಚಾಗಿ ಪ್ರವಾಸಿ ದೋಣಿಗಳು.

ಮೋತಾಲಾದಲ್ಲಿ ಕಾಲುವೆಯ ಪಕ್ಕದಲ್ಲೇ ಪ್ಲಾಟೆನ್ ಸಮಾಧಿಯಿದೆ. ಅದನ್ನು ನೋಡಿ ಮುಂದೆ ಸಾಗಿದ ಸಂಜೆ ಡೇರೆ ಹಾಕಲು ಗೂಟ ಹೊಡೆದರೆ ಕಲ್ಲು ತಗುಲಿತು. ಜಾಗ ಬದಲಿಸಿದೆ, ಅಲ್ಲೂ ಕಲ್ಲು. ಗೇಣುದ್ದದ ಗೂಟಕ್ಕೇ ಬೆವರಿದ ನನಗೆ, ಇದೇ ನೆಲವನ್ನು 22 ವರ್ಷ ಅಗೆದ ಆ ಸೈನಿಕರಲ್ಲಿ ಒಬ್ಬನ ಹೆಸರೂ ಗೊತ್ತಿರಲಿಲ್ಲ.