ಕೊಡಗಿನ ಕಾಫಿಯೂ ಶ್ರೀನಿವಾಸರ ಗ್ರಂಥವೂ

ಮೈಸೂರಿನ ಗೋಕುಲಂ ಬಡಾವಣೆಯಲ್ಲಿ ಪ್ರಾತಃಕಾಲ ಮನೆಮನೆಯಿಂದಲೂ ಕಾಫಿಯ ಪರಿಮಳವು ಹೊಮ್ಮುವುದು ವಾಚಕರಿಗೆ ವಿದಿತವೇ. ಆ ಬೀಜವು ಕೊಡಗಿನ ಬೆಟ್ಟಗಳನ್ನು ಹೊಕ್ಕ ಚರಿತ್ರೆಯನ್ನು ಅರಿಯದೆ, ಇದೇ ಊರಿನವರಾದ ಎಂ. ಎನ್. ಶ್ರೀನಿವಾಸರ ಗ್ರಂಥವನ್ನು ಓದಿದವರಿಗೆ ಕೊಡಗಿನ ಅರ್ಧಭಾಗ ಮಾತ್ರವೇ ಗೋಚರಿಸೀತು.

1916ರಲ್ಲಿ ಜನಿಸಿದ ಶ್ರೀನಿವಾಸರು ಮಹಾರಾಜ ಕಾಲೇಜಿನಲ್ಲಿ ಓದಿ, ಮುಂಬಯಿಯಲ್ಲಿ ಘುರ್ಯೆಯವರ ಶಿಷ್ಯರಾಗಿದ್ದು, ತರುವಾಯ ಆಕ್ಸ್‌ಫರ್ಡಿಗೆ ತೆರಳಿದರು. ಕೊಡವರ ಧರ್ಮವನ್ನೂ ಸಮಾಜವನ್ನೂ ಕುರಿತ ಅವರ ಆಂಗ್ಲ ಗ್ರಂಥವು 1952ರಲ್ಲಿ ಪ್ರಕಟವಾಯಿತು. ಐನ್‌ಮನೆಯನ್ನು ಆಶ್ರಯಿಸಿದ ಒಕ್ಕವೇ ಕೊಡವರ ಬಾಳಿಗೆ ಆಧಾರವೆಂಬುದನ್ನು ಮದುವೆ, ಪುತ್ತರಿ, ಪಿತೃಪೂಜೆಗಳ ವಿವರಗಳಿಂದ ಅವರು ತೋರಿಸಿಕೊಟ್ಟ ಬಗೆ ಶ್ಲಾಘ್ಯವಾದುದು. ಕೀಳೆನಿಸಿದ ಜಾತಿಯೊಂದು ಮೇಲಿನವರ ಆಚಾರಗಳನ್ನು ಕೈಕೊಂಡು ಕಾಲಕ್ರಮದಲ್ಲಿ ಉಚ್ಚಸ್ಥಾನವನ್ನು ಬಯಸುವುದಕ್ಕೆ ಅವರು ‘ಸಂಸ್ಕೃತೀಕರಣ’ವೆಂದು ಹೆಸರಿಟ್ಟರು. ‘ಬ್ರಾಹ್ಮಣೀಕರಣ’ವೆಂಬ ಪದಕ್ಕಿಂತ ಇದನ್ನೇ ಲೇಸೆಂದುದು ಯುಕ್ತವೇ ಸರಿ, ಕೊಡಗಿನಲ್ಲಿ ಈ ಕಾರ್ಯವು ಲಿಂಗಾಯತರಿಂದಲೂ ನಡೆಯಿತು, ಹಾಲೇರಿಯ ಅರಸರೂ ಆ ಮತದವರೇ. ಸಂಸ್ಕೃತಜ್ಞರು ಈ ಪದವನ್ನು ಕಂಡು ಹಿಗ್ಗಬೇಕಾದುದೇನೂ ಇಲ್ಲ. ಇದರಲ್ಲಿ ವ್ಯಾಕರಣಕ್ಕಿಂತ ಪಂಕ್ತಿಭೋಜನದ ವಿಚಾರವೇ ಹೆಚ್ಚು!

ಆದರೆ ಆಚಾರವೊಂದೇ ಕೊಡಗನ್ನು ಬದಲಿಸಿತೆ? 1834ರಲ್ಲಿ ಚಿಕ್ಕವೀರರಾಜೇಂದ್ರನು ಪದಚ್ಯುತನಾಗಿ ದೇಶವು ಕಂಪನಿಯ ವಶವಾಯಿತು. 1854ರಲ್ಲಿ ಮಡಿಕೇರಿಯ ಬಳಿ ಫೌಲರ್ ಎಂಬ ಆಂಗ್ಲೇಯನು ಕಾಫಿಯ ತೋಟವನ್ನು ಹೂಡಿದನು. ಅಲ್ಲಿಂದೀಚೆಗೆ ಕಾಡು ಕಡಿದಂತೆಲ್ಲ ತೋಟ ಬೆಳೆಯಿತು. ಬೆಳೆ ಕೊಡಗಿನದು, ಬೆಲೆ ಲಂಡನ್ನಿನದು. ಬ್ರೆಜಿಲಿನಲ್ಲಿ ಫಸಲು ಹುಲುಸಾದರೆ ಮಡಿಕೇರಿಯಲ್ಲಿ ಮುಖಗಳು ಬಾಡುತ್ತಿದ್ದುವು. 16ನೆಯ ಶತಮಾನದಿಂದ ಜಗತ್ತೆಲ್ಲವೂ ಒಂದೇ ವ್ಯಾಪಾರದ ಬಲೆಗೆ ಕ್ರಮೇಣ ಸಿಕ್ಕಿತೆಂದೂ, ಅದರಲ್ಲಿ ಕೇಂದ್ರದ ನಾಡುಗಳು ಕೊಬ್ಬಿ ಅಂಚಿನ ನಾಡುಗಳು ಸೊರಗಿದುವೆಂದೂ ಅಮೆರಿಕದ ವಾಲರ್‌ಸ್ಟೈನ್ ಎಂಬ ವಿದ್ವಾಂಸನು 1974ರಲ್ಲಿ ಪ್ರತಿಪಾದಿಸಿ, ಅದನ್ನು ‘ವಿಶ್ವವ್ಯವಸ್ಥೆ’ ಎಂದು ಕರೆದನು. ಶ್ರೀನಿವಾಸರು ಹೊರಗಿನ ಪ್ರಭಾವವನ್ನು ಕಾಣದವರಲ್ಲ. 1956ರ ಲೇಖನದಲ್ಲಿ ‘ಪಾಶ್ಚಾತ್ಯೀಕರಣ’ವನ್ನೂ ಜೊತೆಗೇ ವಿವೇಚಿಸಿದರು. ಆದರೂ ಅವರ ದೃಷ್ಟಿಯು ನೆಲ್ಲಕ್ಕಿಯ ದೀಪದ ಮುಂದೆ ನಿಂತಷ್ಟು ಹೊತ್ತು ಕಾಫಿಯ ಕಣದಲ್ಲಿ ನಿಲ್ಲಲಿಲ್ಲವೆಂದೇ ಹೇಳಬೇಕಾಗಿದೆ.

ಈ ಕೊರತೆಯು ಯರವರ ಮತ್ತು ಜೇನುಕುರುಬರ ವಿಷಯದಲ್ಲಿ ಎದ್ದುಕಾಣುತ್ತದೆ. ಜಮ್ಮಾ ಭೂಮಿಯುಳ್ಳ ಕೊಡವನಿಗೆ ಏರುವುದಕ್ಕೆ ಏಣಿಯಿತ್ತು, ಅದನ್ನು ಊರುವುದಕ್ಕೆ ನೆಲವೂ ಇತ್ತು. ಜೇನು, ಗೆಡ್ಡೆಗಳನ್ನು ಅರಸಿ ಬಾಳಿದವನ ಕಾಡೇ ತೋಟವಾಗಿಹೋದಲ್ಲಿ ಅವನು ಯಾವ ಆಚಾರವನ್ನು ಹಿಡಿದರೆ ಯಾವ ಪದವಿ ದೊರೆತೀತು? ಉಳಿದ ಕಾಡಿನಲ್ಲಿ ನಾಗರಹೊಳೆಯ ರಾಷ್ಟ್ರೀಯ ಉದ್ಯಾನವು ಏರ್ಪಟ್ಟಾಗ ಅನೇಕ ಕುಟುಂಬಗಳು ಹಾಡಿಗಳನ್ನು ಬಿಟ್ಟು ಕಾಫಿ ತೋಟಗಳ ಲೈನ್‌ಮನೆಗಳನ್ನು ಸೇರಿದುವು. ಇಂಥವರ ಹಕ್ಕನ್ನು 2006ರ ಅರಣ್ಯಹಕ್ಕು ಕಾಯಿದೆಯು ಅಂಗೀಕರಿಸಿತು. ಕಾಗದಪತ್ರಗಳಲ್ಲದೆ ಹಿರಿಯರು ನುಡಿದು ಬರೆಯಿಸಿದ ಹೇಳಿಕೆ, ಪೂರ್ವಿಕರ ಸಮಾಧಿ, ದೇವರ ನೆಲೆ, ಹಳೆಯ ಬಾವಿ ಇವನ್ನೂ ಅದರ ನಿಯಮಗಳು ಸಾಕ್ಷ್ಯವೆಂದು ಪರಿಗಣಿಸುತ್ತವೆ.