ಮುತ್ತಿನ ರಾಶಿಯ ಕಥೆಯಲ್ಲಿ ಮರೆತುಹೋದ ಜೋಳದ ಚೀಲ

'ಕಾಲಿದ್ದವರು ಹಂಪಿ ನೋಡಬೇಕು, ಕಣ್ಣಿದ್ದವರು ಕನಕಗಿರಿ ನೋಡಬೇಕು.' ನಮ್ಮ ಕೊಪ್ಪಳ ಸೀಮೆಯಲ್ಲಿ ಈ ಮಾತು ಕೇಳದೆ ಬೆಳೆದವರು ಕಡಿಮೆ. ಕನಕಗಿರಿಯ ಗುಡಿಯ ಮುಂದೆ ನಿಂತು ಕೆತ್ತನೆಯನ್ನು ಕಣ್ತುಂಬ ನೋಡಬೇಕು. ಹಂಪಿ ಹೊಳೆಯ ಎರಡೂ ದಂಡೆಗೆ ಹರಡಿದ ಪಟ್ಟಣ. ಅದನ್ನು ನಡೆದೇ ನೋಡಬೇಕು. ಹಿರಿಯರ ಈ ಮಾತನ್ನು ನಂಬಿ ನಾವು ಕೆಲವು ಗೆಳೆಯರು ಬಿಡುವಿದ್ದಾಗ ಕಾಲೇಜು ಹುಡುಗರನ್ನು ಕರೆದುಕೊಂಡು ನಡೆಯುತ್ತೇವೆ. ಎರಡು ದಿನದ ನಡಿಗೆ. ಮೊದಲ ದಿನ ಹಂಪಿಯ ಬಜಾರುಗಳು ಮತ್ತು ಆನೆಗೊಂದಿ, ಎರಡನೇ ದಿನ ಕೊಪ್ಪಳ ಪೇಟೆ, ಕೋಟೆ, ಗವಿಮಠ.

ಇಂಥದೊಂದು ನಡಿಗೆಯಲ್ಲಿ ವಿರೂಪಾಕ್ಷ ಗುಡಿಯ ಎದುರು ನಿಂತು ನಾವು ಎಂದಿನಂತೆ 'ಇದೇ ಹಂಪಿ ಬಜಾರು' ಎಂದೆವು. ಯಲಬುರ್ಗಾ ಕಡೆಯ ಹುಡುಗಿಯೊಬ್ಬಳು ಎರಡೂ ಬದಿ ನೋಡಿದಳು. ಸಾಲು ಕಂಬ, ಖಾಲಿ ಮಂಟಪ, ನೆರಳಿಗೆ ಮಲಗಿದ ನಾಯಿ. 'ಸರ, ಇದರಾಗ ಬಜಾರ ಎಲ್ಲೈತ್ರಿ?' ಎಂದು ಕೇಳಿದಳು. ಆ ಪ್ರಶ್ನೆಗೆ ಅವತ್ತು ನಮ್ಮಲ್ಲಿ ಸರಿಯಾದ ಉತ್ತರ ಇರಲಿಲ್ಲ. ಈ ಬರಹ ಆ ಉತ್ತರದ ಹುಡುಕಾಟ.

ಹಂಪಿಯಲ್ಲಿ ದೊಡ್ಡ ಗುಡಿಗಳ ಮುಂದೆಲ್ಲ ಬಜಾರುಗಳಿವೆ: ವಿರೂಪಾಕ್ಷ, ಕೃಷ್ಣ, ಅಚ್ಯುತರಾಯ, ವಿಠ್ಠಲ. ತೇರು ಎಳೆಯುವ ಬೀದಿಯೇ ವ್ಯಾಪಾರದ ಬೀದಿಯೂ ಆಗಿತ್ತು. ವಿರೂಪಾಕ್ಷ ಬಜಾರು ಮುಕ್ಕಾಲು ಕಿಲೋಮೀಟರಿನಷ್ಟು ಉದ್ದ. ಕೃಷ್ಣದೇವರಾಯ ಉದಯಗಿರಿ ಗೆದ್ದು ತಂದ ಬಾಲಕೃಷ್ಣನನ್ನು 1515ರಲ್ಲಿ ಪ್ರತಿಷ್ಠೆ ಮಾಡಿದ ಗುಡಿಯ ಮುಂದಿನದು ಕೃಷ್ಣ ಬಜಾರು. ಇವುಗಳ ಮುಂದೆ ನಿಂತಾಗ ಯಾವ ಗೈಡ್ ಆದರೂ ಹೇಳುವ ಸಾಲು ಒಂದೇ: ಇಲ್ಲಿ ಮುತ್ತು ರತ್ನವನ್ನು ಸೇರಿನಲ್ಲಿ ಅಳೆದು ಮಾರುತ್ತಿದ್ದರು. ನಾವೂ ಹಾಗೆಯೇ ಹೇಳುತ್ತಿದ್ದೆವು. ಶಾಲೆಯಲ್ಲಿ ಕೇಳಿದ್ದೂ ಅದನ್ನೇ.

ಆದರೆ ಈ ಬಜಾರು ತುಂಬಿದ್ದಾಗ ಕಣ್ಣಾರೆ ಕಂಡವರು ಏನು ಬರೆದಿದ್ದಾರೆ? 1443ರಲ್ಲಿ ಇಲ್ಲಿಗೆ ಬಂದ ಪರ್ಷಿಯಾದ ರಾಯಭಾರಿ ಅಬ್ದುರ್ ರಜಾಕ್, ರತ್ನದ ವ್ಯಾಪಾರಿಗಳು ಬಯಲಲ್ಲೇ ಮಾಲು ಇಟ್ಟು ಮಾರುತ್ತಾರೆ ಎಂದು ಬೆರಗಾಗಿದ್ದು ನಿಜ. ಅದೇ ಉಸಿರಿನಲ್ಲಿ ಅವನು ಗುಲಾಬಿ ಮಾರುವವರ ಬಗ್ಗೆಯೂ ಬರೆಯುತ್ತಾನೆ. ಈ ಊರಿನವರಿಗೆ ಊಟದಷ್ಟೇ ಹೂವೂ ಬೇಕು ಎನ್ನುವುದು ಅವನು ಕಂಡದ್ದು.

1520ರ ಸುಮಾರಿಗೆ ಕೃಷ್ಣದೇವರಾಯನ ಕಾಲದಲ್ಲಿ ಬಂದ ಪೋರ್ಚುಗೀಸ್ ಪ್ರವಾಸಿ ದೊಮಿಂಗೊ ಪಾಯೆಸ್ ಇನ್ನೂ ಹೆಚ್ಚು ಕಂಡಿದ್ದಾನೆ. ಮಾಣಿಕ್ಯ, ವಜ್ರ, ಪಚ್ಚೆ, ಮುತ್ತು, ಬಟ್ಟೆ ಎಲ್ಲವನ್ನೂ ಹೆಸರಿಸುತ್ತಾನೆ. ಅಲ್ಲಿಗೆ ನಿಲ್ಲುವುದಿಲ್ಲ. ಅಕ್ಕಿ, ಗೋಧಿ, ಜೋಳ, ಹೆಸರು, ಹುರುಳಿ ಎಂದು ಕಾಳು ಕಡಿ ಲೆಕ್ಕ ಹಾಕುತ್ತಾನೆ. ಸಂಜೆ ಹೊತ್ತಿನ ಸಂತೆಯಲ್ಲಿ ಸಾಧಾರಣ ಕುದುರೆ, ನಿಂಬೆ, ದ್ರಾಕ್ಷಿ, ತೋಟದ ಕಾಯಿಪಲ್ಯೆ, ಕಟ್ಟಿಗೆ ಮಾರುತ್ತಿದ್ದರು. ಶುಕ್ರವಾರದ ಸಂತೆಯಲ್ಲಿ ಹಂದಿ, ಕೋಳಿ, ಸಮುದ್ರದಿಂದ ಬಂದ ಒಣಮೀನು ಸಿಗುತ್ತಿತ್ತು. ಹೇರು ಹೊತ್ತ ಎತ್ತುಗಳು ಬೀದಿಯಲ್ಲಿ ಎಷ್ಟಿದ್ದವೆಂದರೆ ಅವು ದಾಟಿ ಹೋಗುವವರೆಗೆ ನಿಂತು ಕಾಯಬೇಕಾಗುತ್ತಿತ್ತು. ಜಗತ್ತಿನಲ್ಲೇ ಇಷ್ಟು ಕಾಳು ಕಡಿ ಒದಗುವ ಪಟ್ಟಣ ಬೇರಿಲ್ಲ ಎನ್ನುವುದು ಅವನ ತೀರ್ಮಾನ.

ಇದನ್ನು ಓದಿದ ಮೇಲೆ ನಮಗೆ ನಮ್ಮ ಮಾತಿನ ಬಗ್ಗೆಯೇ ನಾಚಿಕೆಯಾಯಿತು. ಮುತ್ತು ಕೊಳ್ಳುತ್ತಿದ್ದವರು ಎಷ್ಟು ಜನ ಇದ್ದಾರು? ಜೋಳ, ಹುರುಳಿ ಎಲ್ಲರೂ ಕೊಳ್ಳುತ್ತಿದ್ದರು. ಅದನ್ನು ಬೆಳೆದವರು, ಎತ್ತಿನ ಮೇಲೆ ಹೇರಿ ತಂದವರು ಸುತ್ತಲ ಸೀಮೆಯ ರೈತರು. ಪರದೇಶದಿಂದ ಬಂದವನು ಜೋಳದ ಚೀಲವನ್ನು ಗುರುತಿಸಿ ಬರೆದಿಟ್ಟ. ಅದೇ ಜೋಳದ ರೊಟ್ಟಿ ಉಂಡು ಬೆಳೆದ ನಾವು ಅದನ್ನು ಬಿಟ್ಟು ಮುತ್ತಿನ ಕಥೆಯನ್ನಷ್ಟೇ ಹೇಳುತ್ತ ಬಂದಿದ್ದೇವೆ.

1565ರ ಯುದ್ಧದ ನಂತರ ಪಟ್ಟಣ ಹಾಳುಬಿತ್ತು. ಆಮೇಲೆ ಇಲ್ಲಿ ನಡೆದವರು ಬೇರೆ ತರಹದವರು. 1800ರ ಸುಮಾರಿಗೆ ಕಾಲಿನ್ ಮೆಕೆಂಜಿ ಬಂದು ನಕ್ಷೆ ಮಾಡಿಸಿದ. 1856ರಲ್ಲಿ ಅಲೆಕ್ಸಾಂಡರ್ ಗ್ರೀನ್‌ಲಾ ಫೋಟೊ ತೆಗೆದ. 1900ರಲ್ಲಿ ರಾಬರ್ಟ್ ಸೀವೆಲ್ ಪಾಯೆಸನ ಬರಹವನ್ನು ಇಂಗ್ಲಿಷಿಗೆ ತಂದು ಪ್ರಕಟಿಸಿದ. 1917ರಲ್ಲಿ ಪುರಾತತ್ವ ಇಲಾಖೆಯ ಲಾಂಗ್‌ಹರ್ಸ್ಟ್ 'ಹಂಪಿ ರೂಯಿನ್ಸ್' ಎಂಬ ಪುಸ್ತಕ ತಂದ; ಬಹಳ ಕಾಲ ಪ್ರವಾಸಿಗರ ಕೈಯಲ್ಲಿದ್ದ ಮಾರ್ಗದರ್ಶಿ ಅದು. ಇವರ ಉಪಕಾರ ದೊಡ್ಡದು. ಆದರೆ ಇವರು ಕಂಡದ್ದು ಹಾಳು ಊರು. ಕಲ್ಲನ್ನು ಅಳೆದರು, ಹೆಸರಿಟ್ಟರು. ನಾವು ಹಂಪಿಯಲ್ಲಿ ನಡೆಯುವುದನ್ನು ಕಲಿತದ್ದು ಇಂಥ ಪುಸ್ತಕಗಳಿಂದ. ಕಲ್ಲು ನೋಡುವುದನ್ನು ಕಲಿತೆವು, ಜನರನ್ನು ಹುಡುಕುವುದನ್ನು ಕಲಿಯಲಿಲ್ಲ.

ಒಬ್ಬರ ನಡಿಗೆ ಮಾತ್ರ ಬೇರೆ ಥರದ್ದು. 1905ರಲ್ಲಿ ಆಲೂರು ವೆಂಕಟರಾಯರು ಆನೆಗೊಂದಿ ಹತ್ತಿರದ ನವವೃಂದಾವನಕ್ಕೆ ಬಂದವರು ಹಂಪಿಗೂ ಹೋದರು. ಆ ಹಾಳು ಊರು ಅವರನ್ನು ಕಲಕಿತು. ಆ ಕಾಲದಲ್ಲಿ ಆಲೂರರ ಧಾರವಾಡ ಮುಂಬೈ ಪ್ರಾಂತ್ಯದಲ್ಲಿತ್ತು, ಹಂಪಿ ಮದ್ರಾಸ್ ಪ್ರಾಂತ್ಯದ ಬಳ್ಳಾರಿ ಜಿಲ್ಲೆಯಲ್ಲಿತ್ತು, ಹೊಳೆಯ ಈಚೆಯ ಆನೆಗೊಂದಿ, ಗಂಗಾವತಿ, ಕೊಪ್ಪಳ ಹೈದರಾಬಾದ್ ನಿಜಾಮನ ಸೀಮೆಯಲ್ಲಿದ್ದವು. ಒಂದೇ ರಾಜಧಾನಿಯ ಎರಡು ದಂಡೆಗಳು ಎರಡು ಸರ್ಕಾರದ ಕೈಯಲ್ಲಿ. ಹೊಳೆ ದಾಟಿದರೆ ನಾಣ್ಯವೂ ಬೇರೆ. 1917ರಲ್ಲಿ ಆಲೂರರ 'ಕರ್ನಾಟಕ ಗತವೈಭವ' ಬಂತು. ಏಕೀಕರಣದ ಆಸೆ ಮೊಳೆತ ಜಾಗಗಳಲ್ಲಿ ಆ ನಡಿಗೆಯ ದಾರಿಯೂ ಒಂದು. ಊರು ನೋಡಲು ಬಂದವನ ಮನಸ್ಸಿಗೆ ಏನು ತಾಗುತ್ತದೆ ಎಂಬುದು ಸಣ್ಣ ಸಂಗತಿಯಲ್ಲ.

ಈಗ ಖಾಲಿ ಮಂಟಪಗಳ ವಿಷಯ. ಹಂಪಿ ಬಜಾರಿನಲ್ಲಿ ಇತ್ತೀಚಿನವರೆಗೂ ಜನ ಇದ್ದರು. ಕಂಬಗಳ ನಡುವೆ ಗೋಡೆ ಎಬ್ಬಿಸಿ ಮನೆ, ಚಹಾದಂಗಡಿ, ಹೂವು ಹಣ್ಣಿನ ಅಂಗಡಿ, ಲಾಡ್ಜ್ ಮಾಡಿಕೊಂಡಿದ್ದರು. 1986ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ತಾಣದಲ್ಲಿ ಹೀಗೆ ಕಟ್ಟಡ ಏರುತ್ತ ಹೋಗುವುದು ಸರಿಯಲ್ಲ ಎಂಬ ವಾದದಲ್ಲಿ ಹುರುಳಿದೆ. ಗೋಡೆಯ ಹಿಂದೆ ಮುಚ್ಚಿಹೋದ ಕೆತ್ತನೆಯನ್ನು ನಾವೂ ಕಂಡಿದ್ದೇವೆ. 2011ರ ಜುಲೈ ಕೊನೆಯಲ್ಲಿ ಬುಲ್ಡೋಜರ್ ಬಂದು ಅವನ್ನೆಲ್ಲ ಕೆಡವಿತು. ಮುನ್ನೂರರಷ್ಟು ಕುಟುಂಬಗಳು ಎದ್ದವು. ಅವರಿಗೆ ತೋರಿಸಿದ ಜಾಗ ಕಡ್ಡಿರಾಂಪುರದ ಬಳಿ, ಬಜಾರಿನಿಂದ ದೂರ. 2020ರಲ್ಲಿ ನಮ್ಮ ಗಂಗಾವತಿ ತಾಲ್ಲೂಕಿನ ವಿರೂಪಾಪುರಗಡ್ಡೆಯ ರೆಸಾರ್ಟುಗಳೂ ಸುಪ್ರೀಂ ಕೋರ್ಟ್ ತೀರ್ಪಿನಂತೆ ನೆಲಸಮವಾದವು. ಎರಡೂ ಒಂದೇ ಅಲ್ಲ. ಗಡ್ಡೆಯಲ್ಲಿದ್ದದ್ದು ಪ್ರವಾಸಿಗರಿಗಾಗಿ ಎದ್ದ ವಸತಿ, ಬಜಾರಿನಲ್ಲಿದ್ದದ್ದು ಬದುಕು ಕಟ್ಟಿಕೊಂಡ ಊರು. ಕಲ್ಲಿನ ಮಂಟಪ ಉಳಿಸಬೇಕೆಂಬುದರಲ್ಲಿ ನಮಗೆ ತಕರಾರಿಲ್ಲ. ವ್ಯಾಪಾರಿಗಳೇ ಇಲ್ಲದ ಬೀದಿಗೆ ಬಜಾರು ಎಂದು ಬೋರ್ಡು ಹಾಕಿದರೆ ಯಲಬುರ್ಗಾದ ಹುಡುಗಿಗೆ ಏನು ಹೇಳಬೇಕು ಎಂಬುದೇ ನಮ್ಮ ಪ್ರಶ್ನೆ.

ಅವತ್ತು ಬಾಯಿ ಮುಚ್ಚಿಕೊಂಡು ಹೊಳೆಗುಂಟ ನಡೆದೆವು. ಕೋದಂಡರಾಮ ಗುಡಿ, ಅಚ್ಯುತರಾಯ ಬಜಾರು, ವಿಠ್ಠಲ ಗುಡಿ ದಾಟಿ ತಳವಾರಘಟ್ಟಕ್ಕೆ ಬಂದೆವು. ಅಲ್ಲಿಂದ ಆಚೆ ಆನೆಗೊಂದಿ. ಹಂಪಿ–ಆನೆಗೊಂದಿ ಸೇತುವೆ ಕಟ್ಟುತ್ತಿರುವಾಗಲೇ 2009ರ ಜನವರಿಯಲ್ಲಿ ಕುಸಿದು ಕಾರ್ಮಿಕರು ಸತ್ತದ್ದು ಈ ಭಾಗದ ಎಲ್ಲರಿಗೂ ನೆನಪಿದೆ. ಹಳೇ ಕಲ್ಲಿನ ಸೇತುವೆಯ ಕಂಬಗಳು ಹೊಳೆಯೊಳಗೆ ಈಗಲೂ ನಿಂತಿವೆ. ಪಾಯೆಸ್ ಇದೇ ಹೊಳೆಯನ್ನು ಹರಿಗೋಲಿನಲ್ಲಿ ದಾಟುವುದನ್ನು ಬರೆದಿದ್ದಾನೆ: ಬುಟ್ಟಿಯಂತೆ ದುಂಡಗಿನ ದೋಣಿ, ಒಳಗೆ ಬೆತ್ತ, ಹೊರಗೆ ತೊಗಲು, ಹದಿನೈದಿಪ್ಪತ್ತು ಜನ ಕೂಡಬಹುದು, ನೆಟ್ಟಗೆ ಹೋಗದೆ ಸುತ್ತುತ್ತ ಹೋಗುತ್ತದೆ. ಐನೂರು ವರ್ಷದ ಹಿಂದಿನ ಈ ಸಾಲನ್ನು ಹೊಳೆ ದಂಡೆಯಲ್ಲಿ ಓದಿ ಹೇಳಿದಾಗ ಹುಡುಗರು ಮೊದಲ ಸಲ ನಕ್ಕರು. ಅವರು ಹತ್ತಿ ಸುತ್ತಿದ ಹರಿಗೋಲು ಅದೇ ಆಕಾರದ್ದಾಗಿತ್ತು.

ಆನೆಗೊಂದಿಯಲ್ಲಿ ಕೋಟೆ ಬಾಗಿಲ ಕೆಳಗೆ ಈಗಲೂ ಜನ ಓಡಾಡುತ್ತಾರೆ. ಗಗನ ಮಹಲ್ ಮುಂದಿನ ಬಯಲಲ್ಲಿ ಮಕ್ಕಳು ಆಡುತ್ತಾರೆ, ರಂಗನಾಥನ ಗುಡಿಯಲ್ಲಿ ಪೂಜೆ ನಡೆಯುತ್ತದೆ. ಸುತ್ತಲ ಗದ್ದೆಗೆ ನೀರು ಬರುವುದು ವಿಜಯನಗರದ ಕಾಲದಲ್ಲಿ ತೋಡಿದ ಕಾಲುವೆಗಳಿಂದ. ಆ ಹುಡುಗಿ ಇಲ್ಲಿ ಬಜಾರು ಎಲ್ಲೈತಿ ಎಂದು ಕೇಳಲಿಲ್ಲ. ಕಿರಾಣಿ ಅಂಗಡಿ ಹುಡುಕಿ ಬಿಸ್ಕತ್ತು ಕೊಂಡಳು.

ಮರುದಿನ ಕೊಪ್ಪಳ. ಜಿಲ್ಲಾ ಕೇಂದ್ರವಾಗಿ 1997ರಿಂದೀಚೆಗೆ ಬೆಳೆದ ಈ ಊರನ್ನು ಹೊರಗಿನವರು ಹಂಪಿಗೆ ಹೋಗುವ ದಾರಿ ಎಂದಷ್ಟೇ ಬಲ್ಲರು. ಆದರೆ ಒಂಬತ್ತನೇ ಶತಮಾನದ 'ಕವಿರಾಜಮಾರ್ಗ' ತಿರುಳುಗನ್ನಡದ ನಾಡನ್ನು ಗುರುತಿಸುವಾಗ ಹೆಸರಿಸುವ ನಾಲ್ಕು ಊರುಗಳಲ್ಲಿ ಕೊಪಣವೂ ಒಂದು. ಜೈನರಿಗೆ ಅದು ದೊಡ್ಡ ತೀರ್ಥ. ಕೋಟೆಯನ್ನು 1786ರಲ್ಲಿ ಪಾಳೆಯಗಾರನಿಂದ ಪಡೆದ ಟಿಪ್ಪು ಸುಲ್ತಾನ್ ಫ್ರೆಂಚ್ ಎಂಜಿನಿಯರುಗಳ ನೆರವಿನಿಂದ ಬಲಪಡಿಸಿದ. 1790ರಲ್ಲಿ ಬ್ರಿಟಿಷರೂ ನಿಜಾಮನೂ ಸೇರಿ ಆರು ತಿಂಗಳು ಮುತ್ತಿಗೆ ಹಾಕಿದ ಮೇಲೆಯೇ ಅದು ಶರಣಾಯಿತು. 1858ರಲ್ಲಿ ಮುಂಡರಗಿ ಭೀಮರಾಯ ಇದೇ ಕೋಟೆ ಹಿಡಿದು ಬ್ರಿಟಿಷರೊಡನೆ ಹೋರಾಡಿ ಸತ್ತ.

ಆದರೆ ನಮ್ಮ ನಡಿಗೆ ಕೋಟೆಯಿಂದ ಶುರುವಾಗುವುದಿಲ್ಲ. ಜವಾಹರ ರಸ್ತೆಯ ಗಡಿಯಾರ ಕಂಬದಿಂದ ಹೊರಡುತ್ತೇವೆ. ಗಂಗಾವತಿಯ ಅಕ್ಕಿ, ಕುಷ್ಟಗಿ ಯಲಬುರ್ಗಾ ಕಡೆಯ ಜೋಳ, ಸಜ್ಜೆ, ತೊಗರಿ, ಕಡಲೆ. ತುಂಗಭದ್ರಾ ಅಣೆಕಟ್ಟಿನ ನೀರು ಬಂದ ಮೇಲೆ ಗಂಗಾವತಿ ಭತ್ತದ ಕಣಜವಾಯಿತು. ಕುಷ್ಟಗಿ, ಯಲಬುರ್ಗಾ ಮಳೆ ನಂಬಿದ ಸೀಮೆಯಾಗಿಯೇ ಉಳಿದವು. ಜಿಲ್ಲೆಯ ಈ ಎರಡು ಬದುಕುಗಳು ಒಂದೇ ಅಂಗಡಿಯ ಎರಡು ಚೀಲಗಳಲ್ಲಿ ಅಕ್ಕಪಕ್ಕ ಕುಳಿತಿರುತ್ತವೆ. ಪಾಯೆಸ್ ಹೇಳಿದ ಹೇರೆತ್ತಿನ ಕೆಲಸ ಈಗ ಟಂಟಂ ಗಾಡಿಯವರದು, ಹಮಾಲರದು.

ಒಂದು ಹಳೇ ಅಂಗಡಿಯ ಮುಂದೆ ನಿಂತು ಕೇಳಿದೆವು: 'ಅಜ್ಜಾರ, ಈ ಅಂಗಡಿ ಎಷ್ಟು ವರ್ಷದ್ದ್ರಿ?'

'ನಮ್ಮಪ್ಪ ಕುಂದರ್ತಿದ್ದ ತಮ್ಮಾ. ಆವಾಗ ನಿಜಾಮನ ಹಾಲಿ ಸಿಕ್ಕಾ ನಡೀತಿತ್ತು. ಹೊಳಿ ಆಚಿಗಿ ಹೋದರ ನಮ್ಮ ರೊಕ್ಕ ನಡೀತಿದ್ದಿಲ್ಲ. ನಾ ಆಗ ಸಣ್ಣಾಂವ, ಆದರ ನೆನಪೈತಿ.'

ಹಿಂದಿನ ದಿನ ನಾವು ಆಲೂರರ ಕಾಲದ ಗಡಿಯ ಬಗ್ಗೆ ಭಾಷಣ ಮಾಡಿದಾಗ ಆಕಳಿಸಿದ್ದ ಹುಡುಗರು ಈಗ ಅಜ್ಜನ ಸುತ್ತ ಕುಳಿತರು. ಒಬ್ಬ ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡ. ಅಜ್ಜ ಅಳತೆಯ ಸೇರು ತೆಗೆದು ತೋರಿಸಿದ. ಸೇರಿನಲ್ಲಿ ಅಳೆದು ಮಾರುವುದೆಂದರೆ ಏನೆಂದು ಹುಡುಗರಿಗೆ ಗೊತ್ತಾದದ್ದು ಹಾಗೆ.

ಕೊನೆಗೆ ಗವಿಮಠದ ಗುಡ್ಡ ಏರಿದೆವು. ಜನವರಿಯ ಜಾತ್ರೆಗೆ ಲಕ್ಷಗಟ್ಟಲೆ ಜನ ಸೇರುವ ಮಠದ ಮೇಲಿನ ಬಂಡೆಯಲ್ಲಿ ಅಶೋಕನ ಶಾಸನವಿದೆ. ಇನ್ನೊಂದು ಪಲ್ಕಿಗುಂಡಿನಲ್ಲಿದೆ. ಎರಡೂ 1931ರಲ್ಲಿ ಬೆಳಕಿಗೆ ಬಂದವು. ಬ್ರಾಹ್ಮಿ ಲಿಪಿ, ಪ್ರಾಕೃತ ಭಾಷೆ, ಕ್ರಿ.ಪೂ. 3ನೇ ಶತಮಾನ. ಅದರ ಸಾರ ಸರಳ. ಉಪಾಸಕನಾದ ಮೇಲೂ ಮೊದಮೊದಲು ನಾನು ಹೆಚ್ಚು ಶ್ರಮ ಪಡಲಿಲ್ಲ ಎಂದು ಚಕ್ರವರ್ತಿ ಒಪ್ಪಿಕೊಳ್ಳುತ್ತಾನೆ. ಶ್ರಮದ ಫಲ ದೊಡ್ಡವರಿಗಷ್ಟೇ ಮೀಸಲಲ್ಲ, ಸಣ್ಣವರೂ ಪಡೆಯಬಹುದು ಎನ್ನುತ್ತಾನೆ. ಇದನ್ನು ಓದಿ ಹೇಳಿ, ಕೆಳಗೆ ಕಾಣುವ ಪೇಟೆಯ ಕಡೆ ಕೈ ಮಾಡಿದೆವು. ಹೆಚ್ಚು ವಿವರಿಸುವ ಅಗತ್ಯ ಬೀಳಲಿಲ್ಲ.

ಈಗ ಜಿಲ್ಲೆಯಲ್ಲಿ ಪ್ರವಾಸೋದ್ಯಮದ ಮಾತು ಜೋರಾಗಿದೆ. ಅಂಜನಾದ್ರಿಗೆ ಬರುವ ಜನ ವರ್ಷದಿಂದ ವರ್ಷಕ್ಕೆ ಹೆಚ್ಚುತ್ತಿದ್ದಾರೆ. ನಾಳೆ ಕೊಪ್ಪಳ ಪೇಟೆಯಲ್ಲೂ ಗೈಡ್ ಹಿಡಿದ ನಡಿಗೆ ಶುರುವಾಗಬಹುದು, ಆಗಲಿ. ಆಗ ನಡಿಗೆಯ ಪಟ್ಟಿಯಲ್ಲಿ ಕೋಟೆ, ಶಾಸನದ ಜೊತೆ ಆ ಅಜ್ಜನ ಅಂಗಡಿಯೂ ಇರಲಿ, ಕಿನ್ನಾಳದ ಗೊಂಬೆ ಮಾಡುವ ಚಿತ್ರಗಾರರ ಮನೆಯೂ ಇರಲಿ. ಪೇಟೆ ಚಂದ ಕಾಣಲಿ ಎಂದು ಪೇಟೆಯವರನ್ನೇ ಎಬ್ಬಿಸುವ ಯೋಜನೆ ಬಂದರೆ ಬರೆಯಬೇಕಾದವರು ನಾವೇ.

ಇದನ್ನು ಓದುತ್ತಿರುವ ಗೆಳೆಯರು ತಮ್ಮ ಊರಿನ ಪೇಟೆಯಲ್ಲೂ ಹೀಗೊಂದು ನಡಿಗೆ ಮಾಡಿ. ಕುಷ್ಟಗಿಯಾಗಲಿ, ಯಲಬುರ್ಗಾವಾಗಲಿ, ಹಳೇ ಅಂಗಡಿಯೊಂದರ ಮುಂದೆ ನಿಂತು ಮೊದಲು ಅವರು ಹೇಳುವುದನ್ನು ಕೇಳಿ, ಬರೆದುಕೊಳ್ಳಿ. ನಾವು ಹೊರಟಾಗ ಅಜ್ಜ ಹೇಳಿದ್ದು ಇಷ್ಟೇ: 'ಮತ್ತ ಬರ್ರಿ. ನಾ ಇರೂತನಕಾ ಅಂಗಡಿ ತಗದಿರತೈತಿ.'