ಕಮಲಾದೇವಿ ಬಣ್ಣ ಹಚ್ಚಿದ್ದು

ಕಮಲಾದೇವಿ ಚಟ್ಟೋಪಾಧ್ಯಾಯ ಎಂದರೆ ಉಪ್ಪಿನ ಸತ್ಯಾಗ್ರಹ ನೆನಪಾಗುತ್ತದೆ, ಕೈಮಗ್ಗದ ಸೀರೆ ನೆನಪಾಗುತ್ತದೆ. ಬಿದರಿ ಕೆಲಸದ ಊರಿನವರಾದ ನಮಗೆ ಅವರು ಅಖಿಲ ಭಾರತ ಕರಕುಶಲ ಮಂಡಳಿಯ ಅಧ್ಯಕ್ಷೆಯಾಗಿದ್ದ ಹಿರಿಯರು. ಅವರು ಮೂಕಿ ಚಿತ್ರದ ನಟಿಯೂ ಆಗಿದ್ದರೆಂದು ನೌಬಾದಿನ ನಮ್ಮ ಶಾಲೆಯ ಹುಡುಗಿಯರಿಗೆ ಹೇಳಿದಾಗ ಒಬ್ಬಳು, "ಖರೇನಾ ಟೀಚರ್? ಅವರ ಮನ್ಯಾಗ ಹೆಂಗ ಬಿಟ್ರು?" ಎಂದಳು.

ಕೇಳಬೇಕಾದ ಮಾತೇ. 1913ರಲ್ಲಿ ಫಾಲ್ಕೆಯವರು 'ರಾಜಾ ಹರಿಶ್ಚಂದ್ರ' ತೆಗೆದಾಗ ತಾರಾಮತಿಯ ಪಾತ್ರಕ್ಕೆ ಒಬ್ಬ ಹೆಣ್ಣುಮಗಳೂ ಸಿಗಲಿಲ್ಲ. ಕೊನೆಗೆ ಸಾಳುಂಕೆ ಎಂಬ ಗಂಡಸು ಸೀರೆ ಉಟ್ಟು ನಿಂತ. ಅದೇ ವರ್ಷ ದುರ್ಗಾಬಾಯಿ ಕಾಮತ್ ಮಗಳು ಕಮಲಾಬಾಯಿಯ ಜೊತೆ 'ಮೋಹಿನಿ ಭಸ್ಮಾಸುರ'ದಲ್ಲಿ ಕ್ಯಾಮೆರಾದ ಮುಂದೆ ಬಂದರು. ಆದರೂ 'ಮರ್ಯಾದಸ್ಥ'ರ ಮನೆಯ ಬಾಗಿಲು ಬಹುಕಾಲ ತೆರೆಯಲಿಲ್ಲ. ನಾನು ಓದುವಾಗಲೂ, ಗ್ಯಾದರಿಂಗಿನ ನಾಟಕದಲ್ಲಿ ಚೆನ್ನಾಗಿ ಪಾರ್ಟು ಮಾಡುತ್ತಿದ್ದ ಗೆಳತಿಯನ್ನು ಅವಳಪ್ಪ ಮಧ್ಯದಲ್ಲೇ ಕೈಹಿಡಿದು ಕರೆದುಕೊಂಡು ಹೋಗಿದ್ದ. 'ನಾಟಕದಾಕಿ' ಎಂಬ ಮಾತು ನಮ್ಮ ಕಡೆ ಬೈಗುಳವೇ ಆಗಿತ್ತು.

ಕಮಲಾದೇವಿ ಹುಟ್ಟಿದ್ದು 1903ರಲ್ಲಿ, ಮಂಗಳೂರಿನಲ್ಲಿ. ಎಳೆವಯಸ್ಸಿನಲ್ಲಿ ಮದುವೆ, ಬೇಗನೇ ವೈಧವ್ಯ. ಅಂಥ ಹುಡುಗಿ ಮನೆಯ ಮೂಲೆ ಸೇರುವ ಬದಲು ಮದರಾಸಿನ ಕ್ವೀನ್ ಮೇರಿಸ್ ಕಾಲೇಜು ಸೇರಿದಳು. ಮುಂದೆ ಸರೋಜಿನಿ ನಾಯ್ಡು ಅವರ ತಮ್ಮ, ಕವಿ ಹರೀಂದ್ರನಾಥರನ್ನು ಮದುವೆಯಾದಳು. ವಿಧವೆಯ ಮರುಮದುವೆ, ಅದೂ ಬಂಗಾಳಿಯೊಡನೆ! ಎಷ್ಟು ನಾಲಿಗೆಗಳು ಆಡಿರಬಹುದು, ನೀವೇ ಊಹಿಸಿ. ಆ ಚಟ್ಟೋಪಾಧ್ಯಾಯರ ಮನೆ ಇದ್ದದ್ದು ಹೈದರಾಬಾದಿನಲ್ಲಿ. ನಮ್ಮ ಬೀದರ ಆಗ ನಿಜಾಮರ ಆ ರಾಜ್ಯದ್ದೇ, ಆದ್ದರಿಂದ ಆಕೆ ನಮ್ಮ ಸೀಮೆಯ ಸೊಸೆ ಎಂದು ನಾನು ಸಲಿಗೆ ತೆಗೆದುಕೊಳ್ಳುತ್ತೇನೆ. ಗಂಡ ಹೆಂಡತಿ ಇಬ್ಬರೂ ನಾಟಕವಾಡಿದರು. 1930ರಲ್ಲಿ ಆಕೆ ಮುಂಬಯಿಯಲ್ಲಿ ಉಪ್ಪು ಮಾರಿ ಜೈಲಿಗೂ ಹೋದರು.

1931ರಲ್ಲಿ 'ವಸಂತಸೇನಾ' ಬಂತು. ಶೂದ್ರಕನ 'ಮೃಚ್ಛಕಟಿಕ'ವೇ ಕಥೆ, ನಿರ್ದೇಶಕರು ಮೋಹನ ಭವನಾನಿ. ಅದರಲ್ಲಿ ಕಮಲಾದೇವಿಯೂ ಇದ್ದರು, ನಮ್ಮ ಕೈಲಾಸಂ ಅವರೂ ಇದ್ದರು. ನಾಯಕಿ ಏಣಾಕ್ಷಿ ರಾಮರಾವ್. ನೋಡಿ, ಕಥಾನಾಯಕಿ ಒಬ್ಬ ಗಣಿಕೆ. ಸಿನಿಮಾಕ್ಕೆ ಬರುವವರನ್ನೇ ಜನ ಆ ಹೆಸರಿನಿಂದ ಕರೆಯುತ್ತಿದ್ದ ಕಾಲದಲ್ಲಿ ಓದಿದ ಹೆಣ್ಣುಮಕ್ಕಳು ಆರಿಸಿಕೊಂಡದ್ದು ಅದೇ ಕಥೆ. ನನಗಂತೂ ಇದು ಉಪ್ಪು ಮಾರಿದ್ದಕ್ಕಿಂತ ಸಣ್ಣ ಧೈರ್ಯವಾಗಿ ಕಾಣುವುದಿಲ್ಲ. ಜೈಲಿಗೆ ಹೋದವರಿಗೆ ಊರು ಹಾರ ಹಾಕುತ್ತಿತ್ತು, ಬಣ್ಣ ಹಚ್ಚಿದವರಿಗೆ ಯಾರು ಹಾಕುತ್ತಿದ್ದರು?

ಮೂಕಿ ಚಿತ್ರದಲ್ಲಿ ನಟಿಗೆ ದನಿಯಿಲ್ಲ. ಮಾತನ್ನು ಪರದೆಯ ಮೇಲೆ ಅಕ್ಷರದಲ್ಲಿ ತೋರಿಸುತ್ತಿದ್ದರು. ಓದು ಬಾರದವರಿಗಾಗಿ ಪರದೆಯ ಪಕ್ಕ ಒಬ್ಬ ನಿಂತು ಗಟ್ಟಿಯಾಗಿ ಹೇಳುವನು, ಕೆಳಗೆ ಹಾರ್ಮೋನಿಯಂ, ತಬಲಾ. ಕಣ್ಣು, ಕೈಗಳಲ್ಲೇ ಎಲ್ಲವನ್ನೂ ಮುಟ್ಟಿಸಬೇಕು. ಅದೇ 1931ರ ಮಾರ್ಚ್ 14ರಂದು 'ಆಲಂ ಆರಾ' ಮಾತಾಡಿಬಿಟ್ಟಿತು. ಹಾಡು ಕೇಳಿದ ಜನ ಮತ್ತೆ ಮೂಕಿಯ ಕಡೆ ತಿರುಗಲಿಲ್ಲ. ನಮ್ಮ ದೇಶದಲ್ಲಿ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರಗಳು ತಯಾರಾದವು, ಉಳಿದಿರುವುದು ಬೆರಳೆಣಿಕೆಯಷ್ಟು.

ಕಮಲಾದೇವಿ 1988ರವರೆಗೆ ಬದುಕಿದ್ದರು. ಬೇರೆ ಕೆಲಸಗಳು ಎಷ್ಟು ದೊಡ್ಡವಾದವೆಂದರೆ ನಟಿಯನ್ನು ಎಲ್ಲರೂ ಮರೆತರು. ಏಣಾಕ್ಷಿ ಭವನಾನಿಯವರನ್ನೇ ಮದುವೆಯಾಗಿ, 1965ರಲ್ಲಿ ಭಾರತದ ನೃತ್ಯದ ಮೇಲೆ ದೊಡ್ಡ ಪುಸ್ತಕ ತಂದರು. ಅವರ ಅದೃಷ್ಟ ಕೊಂಚ ಚೆನ್ನಾಗಿತ್ತು. 1928ರ 'ಶಿರಾಜ್'ನಲ್ಲಿ ಅವರು ಮುಮ್ತಾಜ್ ಮಹಲ್ ಆಗಿದ್ದರು. ಆ ರೀಲುಗಳನ್ನು ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನವರು ತೊಳೆದು ತಿದ್ದಿ, ಅನುಷ್ಕಾ ಶಂಕರ್ ಅವರ ಸಂಗೀತ ಸೇರಿಸಿ 2017ರಲ್ಲಿ ಮತ್ತೆ ತೋರಿಸಿದರು. ತೊಂಬತ್ತು ವರ್ಷದ ಹಿಂದಿನ ಆ ಮುಖವನ್ನು ಈಗಲೂ ನೋಡಬಹುದು.